ಬೆಂಚಿನ ಮೇಲಿನ ಹುಲಿಗೆಮ್ಮ

ದಾರದ ಕೋನಿಗೆ ಒರಗಿಸಿಟ್ಟ ಮೊಬೈಲು
ಮಷೀನು ನಡುಗಿದಾಗೆಲ್ಲ ಜಾರುತ್ತದೆ.
ಹಸಿರು ಮೈದಾನ ಒಂದು ಕಡೆ ವಾಲಿ
ಇಪ್ಪತ್ತೆರಡು ಹೆಣ್ಣುಮಕ್ಕಳೂ
ನನ್ನ ಕತ್ತರಿಯ ಕಡೆಗೇ ಓಡಿ ಬರುತ್ತಾರೆ.

ಕೌಲ್ ಬಜಾರಿನ ಈ ಮಹಡಿಯ ಮೇಲೆ
ತಗಡಿನ ಶೀಟು ಕಾದು ಟಕ್ ಟಕ್ ಅನ್ನುತ್ತಿದೆ.
ಅಲ್ಲಿ, ಆ ದೇಶದಲ್ಲಿ
(ಹೆಸರು ಮಾಬುನ್ನಿಯ ನಾಲಿಗೆಗೆ ಒಗ್ಗಲೇ ಇಲ್ಲ)
ಆಡುವವರ ಬಾಯಿಂದ ಹೊಗೆ.
"ಬೀಡಿ ಸೇದ್ತಾರೇನೇ?" ಅಂದಳು ಸುಂಕಮ್ಮ.
ಚಳಿ, ಅಂದೆ.
ಬಳ್ಳಾರಿಯವಳು, ಹೇಗೆ ನಂಬಿಯಾಳು.

ನಾವು ಹುಡುಕುವವಳು ಆ ಹನ್ನೊಂದರಲ್ಲಿ ಇಲ್ಲ.
ಬದಲಿ ಗೋಲ್‌ಕೀಪರು. ಬೆನ್ನಿಗೆ ಇಪ್ಪತ್ತಮೂರು.
ಶುರುವಿಗೆ ಪಟ್ಟಿ ತೋರಿಸಿದಾಗ
ಕೊನೇ ಸಾಲಿನಲ್ಲಿ ಎಚ್. ಹುಲಿಗೆಮ್ಮ ಅಂತ
ಕಣ್ಣು ಮಿಟುಕಿಸುವಷ್ಟು ಹೊತ್ತು ಇತ್ತು.
ಕಾಮೆಂಟ್ರಿಯವನು ಅದನ್ನು ಹೂಲಿಗೇಮಾ ಅಂದ.
ಹುಲಿಗಿಗೆ ಹರಕೆ ಹೊತ್ತು ಹೆತ್ತವಳು ಕೇಳಿಸಿಕೊಂಡಿದ್ದರೆ
ಚಪ್ಪಲಿ ಎಸೆಯುತ್ತಿದ್ದಳು ಪರದೆಗೆ.

ಗಂಡುಹುಡುಗರ ಕ್ರಿಕೆಟ್ಟು ಮುಗಿದ ಮೇಲೆ
ಮೈದಾನದಲ್ಲಿ ಉಳಿದ ಬೆಳಕು ನಮ್ಮದು.
ಎರಡು ಕಟ್‌ಪೀಸಿನ ಗಂಟು ಇಟ್ಟರೆ ಗೋಲು.
ನಾನು ಬ್ಯಾಕು. ಅವಳು ನನ್ನ ಬೆನ್ನಿಗೆ.
ಕೋಟೆಗುಡ್ಡದ ಬಂಡೆ ಹಗಲೆಲ್ಲ ಕುಡಿದ ಬಿಸಿಲನ್ನು
ಆ ಹೊತ್ತಿಗೆ ಸರಿಯಾಗಿ ನಮ್ಮ ಮುಖಕ್ಕೆ ಉಗುಳುತ್ತಿತ್ತು.
ಅವಳು ಜಿಗಿದು ಬಿದ್ದಲ್ಲಿ ಹುಲ್ಲಿಲ್ಲ, ಗರಸು.
ಮೊಣಕೈ ಚರ್ಮ ಅಲ್ಲೇ ಎಲ್ಲೋ ಇರಬೇಕು ಇನ್ನೂ.

ಗ್ಲೌಸು ನಾನು ಹೊಲಿದದ್ದು.
ದಪ್ಪ ಡೆನಿಮ್ಮು, ಎರಡು ಮಡಿಕೆ, ಒಳಗೆ ವೇಸ್ಟು ಹತ್ತಿ.
ಮಣಿಕಟ್ಟಿಗೆ ಎಲಾಸ್ಟಿಕ್ ಸಿಗಲಿಲ್ಲ, ಲಾಡಿ ಹಾಕಿದೆ.
ಒಂದೇ ಕೈಯಲ್ಲಿ ಲಾಡಿ ಬಿಗಿಯಲು ಬರುವುದಿಲ್ಲ,
ಹಲ್ಲಲ್ಲಿ ಕಚ್ಚಿ ಎಳೆಯಬೇಕು.
ಬಣ್ಣ ಬಿಟ್ಟು ಅವಳ ಅಂಗೈ ನೀಲಿ, ಬೆವರೊರೆಸಿದ ಕೆನ್ನೆ ನೀಲಿ,
ತುಟಿಯಂತೂ ಯಾವಾಗಲೂ ನೀಲಿ.
ಕ್ಯಾಂಪಿಗೆ ಆರಿಸಲು ಬಂದ ಮೇಡಮ್ಮು
ಇದೇನು ಕಾಯಿಲೆ ಅಂತ ಕೈ ತಿರುಗಿಸಿ ನೋಡಿದರಂತೆ.
ಅಂತೆ. ನಾನು ಹೋಗಿರಲಿಲ್ಲ.
ಅವತ್ತು ಅರ್ಜೆಂಟ್ ಆರ್ಡರು, ನಾನೂರು ಪೀಸು, ಜಿಪ್ಪು.
ಇರಲಿ ಆ ಮಾತು.

ಎಪ್ಪತ್ತನೇ ನಿಮಿಷಕ್ಕೆ ನಮ್ಮವರದೊಂದು ಗೋಲು.
ಮಾಬುನ್ನಿ ಸ್ಟೂಲಿನಿಂದ ಹಾರಿದಳು,
ಕಾಜಾ ಹೊಡೆಯುವ ಹುಡುಗ ಸೀಟಿ ಹಾಕಿದ.
"ಗೆದ್ರಲ್ಲಾ!"
ಗೆದ್ರೂ ಸಾಲಲ್ಲ, ಅಂದೆ. ಇನ್ನೊಂದು ಬೇಕು,
ಮೊದಲನೇ ಮ್ಯಾಚಿನ ಬಾಕಿ ಐತೆ.
ಅರ್ಹತಾ ಸುತ್ತಿನ ಲೆಕ್ಕ ಬಿಡಿಸಿ ಹೇಳಲು ಬಾಯಿ ತೆರೆದೆ,
ಯಾರಿಗೂ ಬೇಕಾಗಲಿಲ್ಲ.
ಗೆದ್ದರೂ ಸಾಲದು ಅನ್ನುವುದು
ಪೀಸಿಗೆ ಒಂಬತ್ತು ರೂಪಾಯಿಯ ಹೆಂಗಸರಿಗೆ
ಒಂದೇ ಸಲಕ್ಕೆ ತಿಳಿಯುತ್ತದೆ.

ಮೆಟ್ಟಿಲ ಮೇಲೆ ಓನರಿನ ಚಪ್ಪಲಿ ಸದ್ದು.
ಮೈದಾನವನ್ನು ಪ್ಯಾಂಟಿನ ರಾಶಿಯೊಳಗೆ ತುರುಕಿದೆ.
ಡೆನಿಮ್ಮಿನ ಹೊಟ್ಟೆಯಿಂದ ಜನ ಕೂಗುವುದು ಕೇಳುತ್ತಿತ್ತು,
ಯಾರಿಗೆ ಅಂತ ತಿಳಿಯದು.
ಅವನು ಬಟನ್ನಿನ ಡಬ್ಬಿ ಎಣಿಸಿದ.
ಮತ್ತೆ ಎಣಿಸಿದ.
ಹೋದ.

ಹೊರಗೆ ತೆಗೆದರೆ ಎಂಬತ್ತೊಂಬತ್ತು,
ಅದೇ ಒಂದು, ಅದೇ ಸೊನ್ನೆ.
ಯಾರೋ ಗಾಯವಾಗಿ ಮಲಗಿದ್ದಕ್ಕೆ
ತೋರಿಸಲು ಏನೂ ಸಿಗದೆ ಕ್ಯಾಮೆರಾ ಬೆಂಚಿನ ಕಡೆ ಹೊರಳಿತು:
ಟವೆಲ್ಲು ಹೊದ್ದವರು, ಉಗುರು ಕಡಿಯುವವರು,
ತುದಿಯಲ್ಲಿ ಅವಳು.
ಯಾರೂ ಕರೆದಿರಲಿಲ್ಲ, ಎದ್ದು ನಿಂತಿದ್ದಳು.
ಹಳದಿ ಗ್ಲೌಸು, ಕಂಪನಿಯದು,
ಒತ್ತಿದರೆ ತಾನೇ ಅಂಟಿಕೊಳ್ಳುವ ಪಟ್ಟಿ.
ಆ ಪಟ್ಟಿಯನ್ನು
ಹಲ್ಲಲ್ಲಿ ಕಚ್ಚಿ ಎಳೆದಳು.

ಅಷ್ಟೇ. ಚೆಂಡು ಹೊರಟಿತು, ಕ್ಯಾಮೆರಾ ಅದರ ಹಿಂದೆ.

ನೋಡಿದೆಯಾ ಅಂತ ಸುಂಕಮ್ಮನನ್ನು ಕೇಳಲಿಲ್ಲ.
ನನ್ನ ಬಾಯಲ್ಲೂ ದಾರ ಇತ್ತು.